ಮಿನೆ ಓಕುಬೊ ಬರೆದ ಮರುಭೂಮಿ

ಅಮೆರಿಕದ ಯೂಟಾ ರಾಜ್ಯದ ಪಶ್ಚಿಮ ಭಾಗದಲ್ಲಿ ಡೆಲ್ಟಾ ಎಂಬ ಚಿಕ್ಕ ಊರಿದೆ. ಅಲ್ಲಿಂದ ವಾಯವ್ಯಕ್ಕೆ ಸುಮಾರು 25 ಕಿಲೋಮೀಟರ್ ಹೋದರೆ ಒಂದು ಚದರ ಮೈಲಿಯ ಬಯಲು ಸಿಗುತ್ತದೆ. ಮನೆಯಿಲ್ಲ, ಮರವಿಲ್ಲ, ನಿಲ್ಲಲು ಒಂದು ಮೊಳ ನೆರಳಿಲ್ಲ. 1942ರ ಸೆಪ್ಟೆಂಬರಿನಿಂದ 1945ರ ಅಕ್ಟೋಬರ್ ಕೊನೆಯವರೆಗೆ ಈ ಬಯಲಿನಲ್ಲಿ ಟೋಪಾಜ್ ಎಂಬ ಸೆರೆಶಿಬಿರವಿತ್ತು. ಒಂದು ಹಂತದಲ್ಲಿ 8,130 ಜನ ಇಲ್ಲಿದ್ದರು. ಜನಸಂಖ್ಯೆಯ ಲೆಕ್ಕದಲ್ಲಿ ಆಗ ಯೂಟಾದ ಐದನೆಯ ದೊಡ್ಡ ಊರು ಇದೇ. ಸುತ್ತ ಮುಳ್ಳುತಂತಿ, ಅಲ್ಲಲ್ಲಿ ಕಾವಲು ಗೋಪುರ, ಗೋಪುರದಲ್ಲಿ ಬಂದೂಕು ಹಿಡಿದ ಸಿಪಾಯಿ. ಅಮೆರಿಕದ ಉದ್ದಗಲಕ್ಕೆ ಇಂಥ ಹತ್ತು ಶಿಬಿರಗಳಲ್ಲಿ ಸುಮಾರು 1,20,000 ಜನರನ್ನು ಕೂಡಿಹಾಕಿದ್ದರು. ಅವರಲ್ಲಿ ಮೂರರಲ್ಲಿ ಎರಡು ಪಾಲು ಜನ ಹುಟ್ಟಿನಿಂದಲೇ ಅಮೆರಿಕದ ಪ್ರಜೆಗಳು. ಅವರ ಅಪ್ಪ ಅಮ್ಮನೋ ಅಜ್ಜ ಅಜ್ಜಿಯೋ ಜಪಾನಿನಿಂದ ಬಂದವರು. ಅದೊಂದೇ ತಪ್ಪು.

ಈ ಬಯಲನ್ನು ನಾನು ಮೊದಲು ಕಂಡದ್ದು ಒಂದು ಪುಸ್ತಕದ ಪುಟಗಳಲ್ಲಿ. ಕ್ಯಾಲಿಫೋರ್ನಿಯಾದ ಸನ್ನಿವೇಲಿನಲ್ಲಿರುವ ತಂಗಿಯ ಮಗಳಿಗೆ ಮಾಂಗಾ ಎಂದರೆ ಪ್ರಾಣ. ಅವಳ ಕೋಣೆಯ ಒಂದು ಗೋಡೆ ತುಂಬ ಜಪಾನಿನ ಆ ಚಿತ್ರಕಥೆಗಳೇ. ಅವುಗಳಲ್ಲೊಂದು ಮರಳುಗಾಡಿನ ನಡುವಿನ ಘೋರ ಸೆರೆಮನೆಯ ಕಥೆ. ತಪ್ಪಿಸಿಕೊಂಡು ಓಡಿದರೆ ಬಿಸಿಲೇ ಕೊಲ್ಲುತ್ತದೆ ಅನ್ನುವಂಥದ್ದು. ನಾನು ಅದನ್ನು ತಿರುವಿಹಾಕುತ್ತಿದ್ದಾಗ ಅವಳು ಕಪಾಟಿನಿಂದ ಇನ್ನೊಂದು ಪುಸ್ತಕ ತೆಗೆದು ನನ್ನ ಮಡಿಲಿಗಿಟ್ಟಳು. "ದೊಡ್ಡಮ್ಮಾ, ಇದನ್ನ ಓದು. ಇದು ಕಟ್ಟಿದ ಕಥೆ ಅಲ್ಲ, ನಡೆದದ್ದು" ಅಂದಳು.

ಅದು ಮಿನೆ ಓಕುಬೊ ಅವರ 'ಸಿಟಿಜನ್ 13660'. ಕೊಲಂಬಿಯಾ ವಿಶ್ವವಿದ್ಯಾಲಯದ ಪ್ರಕಾಶನ 1946ರಲ್ಲಿ ಹೊರತಂದ ಪುಸ್ತಕ. ಪುಟಕ್ಕೊಂದರಂತೆ ಸುಮಾರು ಇನ್ನೂರು ಚಿತ್ರ, ಪ್ರತಿ ಚಿತ್ರದ ಕೆಳಗೆ ಕೆಲವು ಸಾಲು ಬರಹ. ಬಣ್ಣವಿಲ್ಲ. ಶಾಯಿಯ ದಪ್ಪ ಗೆರೆಗಳಷ್ಟೆ. ಇದನ್ನು ಮಾಂಗಾ ಅನ್ನಬಹುದೇ ಎಂದು ಕೇಳಿದರೆ ಪಂಡಿತರು ಒಪ್ಪಲಿಕ್ಕಿಲ್ಲ, ಚೌಕ ಚೌಕವಾಗಿ ಒಡೆದು ಹೇಳುವ ಕ್ರಮ ಇಲ್ಲಿಲ್ಲ. ಆದರೆ ಚಿತ್ರ ಮತ್ತು ಮಾತು ಸೇರಿಸಿ ತಮ್ಮ ಬಾಳನ್ನು ಹೇಳಿಕೊಳ್ಳುವ ರೂಢಿ ಅಮೆರಿಕದ ಜಪಾನೀಯರಲ್ಲಿ ಓಕುಬೊಗಿಂತ ಮುಂಚೆಯೇ ಇತ್ತು. ಹೆನ್ರಿ ಕಿಯಾಮಾ ಎಂಬ ಕಲಾವಿದ 1931ರಲ್ಲಿ ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ನಾಲ್ವರು ವಲಸಿಗ ಹುಡುಗರ ಕಥೆಯನ್ನು ಮಾಂಗಾ ಆಗಿಯೇ ಬರೆದು ತಾನೇ ಪ್ರಕಟಿಸಿದ್ದ. ಓಕುಬೊ ಪುಸ್ತಕ ಆ ಮನೆತನದ್ದೇ ಎಂದು ನನಗನ್ನಿಸುತ್ತದೆ.

13660 ಎಂಬುದು ಓಕುಬೊ ಕುಟುಂಬಕ್ಕೆ ಸರ್ಕಾರ ಕೊಟ್ಟ ಸಂಖ್ಯೆ. ಜಪಾನಿನ ಜೊತೆ ಯುದ್ಧ ನಡೆಯುತ್ತಿದ್ದಾಗ, 1942ರ ಫೆಬ್ರವರಿ 19ರಂದು, ಅಧ್ಯಕ್ಷ ರೂಸ್ವೆಲ್ಟ್ ಈ ಸೆರೆಗೆ ದಾರಿ ಮಾಡಿಕೊಟ್ಟ 9066ನೇ ಆಜ್ಞೆಗೆ ಸಹಿ ಹಾಕಿದ ಮೇಲೆ ಪಶ್ಚಿಮ ಕರಾವಳಿಯ ಪ್ರತಿ ಜಪಾನೀ ಮನೆಗೂ ಇಂಥದೊಂದು ಸಂಖ್ಯೆ ಬಂತು. ಪೆಟ್ಟಿಗೆಗೂ ಕೋಟಿನ ಗುಂಡಿಗೂ ಅದರ ಚೀಟಿ ಕಟ್ಟಿಕೊಂಡು, ಕೈಯಲ್ಲಿ ಹೊರಬಹುದಾದಷ್ಟೇ ಸಾಮಾನು ಹಿಡಿದು ಹೊರಡಬೇಕಿತ್ತು. ಅಂಗಡಿ, ತೋಟ, ದೋಣಿ, ಪಿಯಾನೊ ಎಲ್ಲವನ್ನೂ ಸಿಕ್ಕ ಬೆಲೆಗೆ ಮಾರಿ ಹೋದರು.

ಓಕುಬೊಗೆ ಆಗ 29. ಅವರು 1912ರಲ್ಲಿ ಕ್ಯಾಲಿಫೋರ್ನಿಯಾದ ರಿವರ್‌ಸೈಡಿನಲ್ಲಿ ಹುಟ್ಟಿದವರು. ಅಕ್ಷರಕಲೆ ಬಲ್ಲ ತಾಯಿ ಚಿತ್ರ ಬರೆಯಲು ಹುರಿದುಂಬಿಸಿದರು. ಬರ್ಕ್‌ಲಿಯ ವಿಶ್ವವಿದ್ಯಾಲಯದಲ್ಲಿ ಓದಿ, ವಿದ್ಯಾರ್ಥಿವೇತನ ಪಡೆದು ಯುರೋಪಿಗೆ ಹೋಗಿ, ಪ್ಯಾರಿಸಿನಲ್ಲಿ ಫರ್ನಾನ್ ಲೆಜೆ ಹತ್ತಿರ ಕಲಿತು, 1939ರಲ್ಲಿ ಯುದ್ಧ ಶುರುವಾದಾಗ ತಾಯ್ನಾಡಿಗೆ ಮರಳಿದ ಕಲಾವಿದೆ. ಆ ತಾಯ್ನಾಡೇ ಅವರನ್ನೂ ಅವರ ತಮ್ಮನನ್ನೂ ಮೊದಲು ಕಳಿಸಿದ್ದು ಒಂದು ಕುದುರೆ ಲಾಯಕ್ಕೆ.

ಆ ಲಾಯ ಇದ್ದದ್ದು ಸ್ಯಾನ್ ಬ್ರೂನೋದ ಟ್ಯಾನ್‌ಫೊರಾನ್ ರೇಸ್‌ಕೋರ್ಸಿನಲ್ಲಿ. ಮಕ್ಕಳನ್ನು ನೋಡಲು ಬೆಂಗಳೂರಿನಿಂದ ಬರುವ ನಮ್ಮವರು ಇಳಿಯುವ ಸ್ಯಾನ್ ಫ್ರಾನ್ಸಿಸ್ಕೊ ವಿಮಾನ ನಿಲ್ದಾಣಕ್ಕೆ ಅದು ಕೂಗಳತೆ ದೂರ. ರೇಸ್‌ಕೋರ್ಸ್ ಈಗಿಲ್ಲ. ಅದರ ಜಾಗದ ಪಕ್ಕ ರೈಲು ನಿಲ್ದಾಣವಿದೆ. ನಿಲ್ದಾಣದ ಹೊರಗೆ 2022ರಲ್ಲಿ ಇಬ್ಬರು ಪುಟ್ಟ ಹುಡುಗಿಯರ ಕಂಚಿನ ಪ್ರತಿಮೆ ನಿಲ್ಲಿಸಿದ್ದಾರೆ. ಡೊರೊಥಿಯಾ ಲ್ಯಾಂಗ್ 1942ರಲ್ಲಿ ತೆಗೆದ ಒಂದು ಫೋಟೊವನ್ನು ನೋಡಿ ಮಾಡಿದ ಪ್ರತಿಮೆ. ಮಕ್ಕಳ ಕೋಟಿಗೆ ಕುಟುಂಬ ಸಂಖ್ಯೆಯ ಚೀಟಿ ತೂಗುತ್ತದೆ. ಟೋಪಾಜ್ ನೋಡಲು ಹೊರಟ ನಮ್ಮ ಪಯಣ ಅಲ್ಲಿಂದ ಶುರುವಾಗಲಿ ಎಂದು ತಂಗಿಯ ಮಗಳು ಹಟ ಹಿಡಿದಳು. ಸರಿಯಾದ ಹಟ ಅದು. ಓಕುಬೊ ಬರೆದ ಲಾಯದ ಚಿತ್ರವನ್ನು ನಾನು ಸರಿಯಾಗಿ ನೋಡಿದ್ದು ಆ ನಿಲ್ದಾಣದ ಬೆಂಚಿನ ಮೇಲೆ ಕೂತೇ. ಅಕ್ಕ ತಮ್ಮ ಇಬ್ಬರೂ ಬಾಗಿಲಲ್ಲಿ ನಿಂತು ಒಳಗೆ ನೋಡುತ್ತಿದ್ದಾರೆ. ಗೋಡೆಗೆ ಅವಸರದಲ್ಲಿ ಸುಣ್ಣ ಬಳಿದಿದ್ದಾರೆ. ಜೇಡರ ಬಲೆ, ಹುಲ್ಲುಕಡ್ಡಿ, ಕುದುರೆಯ ಕೂದಲು ಎಲ್ಲದರ ಮೇಲೆಯೇ ಸುಣ್ಣ ಹರಿದಿದೆ.

ಟೋಪಾಜಿಗೆ ಹೋಗಲು ನಾವು ಹಿಡಿದದ್ದು ಅಮೆರಿಕದ 50ನೇ ನಂಬರಿನ ಹೆದ್ದಾರಿ. ನೆವಾಡಾ ರಾಜ್ಯವನ್ನು ಇದು ಅಡ್ಡಲಾಗಿ ಸೀಳುತ್ತದೆ. 'ಲೈಫ್' ಪತ್ರಿಕೆ 1986ರಲ್ಲಿ ಇದನ್ನು ದೇಶದ ಅತಿ ಒಂಟಿ ರಸ್ತೆ ಎಂದು ಕರೆದಿತ್ತು. ನೆವಾಡಾದವರು ಆ ಹೆಸರನ್ನೇ ಫಲಕ ಮಾಡಿ ರಸ್ತೆ ಬದಿಗೆ ನೆಟ್ಟಿದ್ದಾರೆ. ಫ್ಯಾಲನ್, ಆಸ್ಟಿನ್, ಯುರೇಕಾ, ಈಲಿ: ಊರಿಂದ ಊರಿಗೆ ನೂರು ಕಿಲೋಮೀಟರಿಗೂ ಮೇಲೆ. ನಡುವೆ ಬಂಕ್, ಹೋಟೆಲು, ಮೊಬೈಲ್ ಸಿಗ್ನಲ್ ಎಲ್ಲವೂ ಬಲು ಅಪರೂಪ. ಉತ್ತರ ದಕ್ಷಿಣವಾಗಿ ಚಾಚಿದ ಬೆಟ್ಟಸಾಲು ಹತ್ತುತ್ತೀರಿ, ಆ ಬದಿಗೆ ಇಳಿಯುತ್ತೀರಿ, ತಟ್ಟೆಯಂಥ ಬಯಲನ್ನು ನೇರ ಗೆರೆಯಲ್ಲಿ ದಾಟುತ್ತೀರಿ, ಮತ್ತೆ ಬೆಟ್ಟಸಾಲು. ಇಲ್ಲಿ ಬಿದ್ದ ಮಳೆ ಯಾವ ಸಮುದ್ರಕ್ಕೂ ಹೋಗುವುದಿಲ್ಲ. ಹೊಳೆಗಳು ಬಯಲಿನೊಳಗೇ ಇಂಗುತ್ತವೆ, ಇಲ್ಲವೆ ಉಪ್ಪಿನ ಕೆರೆ ಸೇರಿ ಆವಿಯಾಗುತ್ತವೆ. ಗ್ರೇಟ್ ಬೇಸಿನ್ ಎಂಬ ಈ ಪ್ರದೇಶ ಇಡೀ ಕರ್ನಾಟಕಕ್ಕಿಂತ ಎಷ್ಟೋ ದೊಡ್ಡದು.

ಅಕ್ಟೋಬರ್ ತಿಂಗಳು. ಈಲಿ ದಾಟಿದ ಮೇಲೆ ವೀಲರ್ ಶಿಖರ ಕಾಣಿಸಿತು. ಅದು 13,063 ಅಡಿ ಎತ್ತರ. ತುದಿಗೆ ಆಗಲೇ ಹಿಮ ಬಿದ್ದಿತ್ತು, ಕೆಳಗಿನ ಆಸ್ಪೆನ್ ಮರಗಳು ಅರಿಶಿನ ಬಣ್ಣಕ್ಕೆ ತಿರುಗಿದ್ದವು. ರಾಜ್ಯದ ಗಡಿ ದಾಟಿದರೆ ಗಡಿಯಾರ ಒಂದು ಗಂಟೆ ಮುಂದೆ. ಯೂಟಾದೊಳಗೆ ಎಡಕ್ಕೆ ನಾಚ್ ಪೀಕ್ ಎಂಬ ಸುಣ್ಣಕಲ್ಲಿನ ಕಡಿದಾದ ಗೋಡೆ ಎದ್ದು ನಿಲ್ಲುತ್ತದೆ. ಅದನ್ನು ದಾಟಿದ ಮೇಲೆ ಬಲಕ್ಕೆ ಸೆವಿಯರ್ ಕೆರೆ. ಕೆರೆ ಎನ್ನುವುದು ಹೆಸರಿಗೆ. ಸೆವಿಯರ್ ಹೊಳೆಯ ನೀರನ್ನು ಮೇಲೆಯೇ ಹೊಲಗಳಿಗೆ ತಿರುಗಿಸಿಕೊಂಡಿರುವುದರಿಂದ ಹೆಚ್ಚಿನ ವರ್ಷಗಳಲ್ಲಿ ಅಲ್ಲಿ ಉಳಿಯುವುದು ಕಣ್ಣು ಕೋರೈಸುವ ಬಿಳಿ ಉಪ್ಪು. ಅಂಥ ಸೌಂದರ್ಯವನ್ನು ನಾನು ಬೇರೆಲ್ಲೂ ಕಂಡಿಲ್ಲ. ಈ ಮಾತನ್ನು ಹಿಂಜರಿಯದೆ ಹೇಳುತ್ತೇನೆ, ಏಕೆಂದರೆ ಟೋಪಾಜಿನ ಬಂದಿಗಳಲ್ಲೂ ಹಲವರು ಈ ಸೌಂದರ್ಯವನ್ನು ಕಂಡರು, ಬರೆದರು. ಕಷ್ಟ ಕೊಟ್ಟ ನೆಲವನ್ನು ಅವರು ದ್ವೇಷಿಸಲಿಲ್ಲ.

ಟ್ಯಾನ್‌ಫೊರಾನಿನಿಂದ ಅವರು ಇಲ್ಲಿಗೆ ಬಂದದ್ದು ರೈಲಿನಲ್ಲಿ. ಹಳೆಯ ಬೋಗಿಗಳು, ಕಿಟಕಿಯ ಪರದೆ ಇಳಿಸಿರಬೇಕೆಂಬ ಕಟ್ಟಪ್ಪಣೆ. ಮರುಭೂಮಿಯ ನಡುವೆ ಒಂದು ಕಡೆ ರೈಲು ನಿಲ್ಲಿಸಿ ಕಾಲು ಆಡಿಸಲು ಕೆಳಗಿಳಿಸಿದರು, ಆಗಲೂ ಸುತ್ತ ಸಿಪಾಯಿಗಳ ಸಾಲು. ಈ ದೃಶ್ಯ ಓಕುಬೊ ಪುಸ್ತಕದಲ್ಲಿದೆ. ಡೆಲ್ಟಾದಲ್ಲಿ ಇಳಿಸಿ ಬಸ್ಸಿಗೆ ಹತ್ತಿಸಿದರು. ಬಸ್ಸಿನಿಂದ ಇಳಿದವರಿಗೆ ಎದುರಾದದ್ದು ಮುಖ ಮೈಯೆಲ್ಲ ಧೂಳು ಮೆತ್ತಿಕೊಂಡು ಗುರುತೇ ಸಿಗದಂತಾಗಿದ್ದ ಮೊದಲು ಬಂದವರು, ಮತ್ತು ಸ್ವಾಗತಕ್ಕೆಂದು ವಾದ್ಯ ನುಡಿಸುತ್ತ ನಿಂತಿದ್ದ ಹುಡುಗರ ತಂಡ.

ಡೆಲ್ಟಾ ಈಗ ಕುದುರೆ ಮೆಂತ್ಯದ ಹೊಲಗಳ ಊರು. ಹೊಲಗಳಾಚೆ ಕಲ್ಲಿದ್ದಲು ವಿದ್ಯುತ್ ಸ್ಥಾವರಕ್ಕೆಂದು ಕಟ್ಟಿದ 710 ಅಡಿಯ ಚಿಮಣಿ ಎಲ್ಲಿಂದ ನೋಡಿದರೂ ಕಾಣುತ್ತದೆ. ಮುಖ್ಯ ಬೀದಿಯಲ್ಲಿ ಟೋಪಾಜ್ ವಸ್ತುಸಂಗ್ರಹಾಲಯವಿದೆ. ಇದು ಹುಟ್ಟಿದ ಬಗೆಯನ್ನು ಹೇಳಲೇಬೇಕು. 1982ರಲ್ಲಿ ಡೆಲ್ಟಾ ಪ್ರೌಢಶಾಲೆಯಲ್ಲಿ ಪತ್ರಿಕೋದ್ಯಮ ಕಲಿಸುತ್ತಿದ್ದ ಜೇನ್ ಬೆಕ್‌ವಿತ್ ಎಂಬ ಶಿಕ್ಷಕಿ ತಮ್ಮ ವಿದ್ಯಾರ್ಥಿಗಳನ್ನು ಊರಿನ ಹಿರಿಯರ ಹತ್ತಿರ ಕಳಿಸಿ, ಟೋಪಾಜ್ ಬಗ್ಗೆ ನಿಮಗೆ ಏನು ನೆನಪಿದೆ ಎಂದು ಕೇಳಿಸಿದರು. ಮಾತಿನ ಜೊತೆ ವಸ್ತುಗಳೂ ಸಿಗತೊಡಗಿದವು. ಯುದ್ಧ ಮುಗಿದ ಮೇಲೆ ಶಿಬಿರದ ಬ್ಯಾರಕ್ಕುಗಳನ್ನು ಸರ್ಕಾರ ಮಾರಿಬಿಟ್ಟಿತ್ತು. ರೈತರು ಅವನ್ನು ಎಳೆದೊಯ್ದು ಉಗ್ರಾಣ, ಕೊಟ್ಟಿಗೆ ಮಾಡಿಕೊಂಡಿದ್ದರು. ಅಂಥ ಒಂದು ಕಟ್ಟಡದ ಅರ್ಧವನ್ನು ಮರಳಿ ತಂದು ಈಗ ಸಂಗ್ರಹಾಲಯದ ಬಳಿ ಇಟ್ಟಿದ್ದಾರೆ. ಒಂದು ಸಣ್ಣ ಊರಿನ ಶಾಲಾ ಶಿಕ್ಷಕಿ ತನ್ನ ಊರಿನ ನಾಚಿಕೆಯ ಕಥೆಯನ್ನು ಮುಚ್ಚಿಡದೆ ದಶಕಗಟ್ಟಲೆ ದುಡಿದು ಹೀಗೆ ನಿಲ್ಲಿಸಿದ್ದು ನನ್ನನ್ನು ಬಹಳ ಕಲಕಿತು.

ಪೈನ್ ಹಲಗೆ, ಹೊರಗೆ ಟಾರು ಕಾಗದ. ಬ್ಯಾರಕ್ಕೆಂದರೆ ಇಷ್ಟೇ. 120 ಅಡಿ ಉದ್ದ, 20 ಅಡಿ ಅಗಲದ ಒಂದೊಂದು ಬ್ಯಾರಕ್ಕಿನಲ್ಲಿ ಆರು ಕೋಣೆ, ಕೋಣೆಗೊಂದು ಕುಟುಂಬ. ಒಂದು ಕಲ್ಲಿದ್ದಲಿನ ಒಲೆ, ಸೈನ್ಯದ ಮಂಚಗಳು, ನೇತಾಡುವ ಒಂದು ಬಲ್ಬು. ಕುರ್ಚಿ ಮೇಜು ಯಾವುದೂ ಇಲ್ಲ. ಹಾಗಾಗಿ ಜನ ರಾತ್ರಿ ಹೊತ್ತು ಕಟ್ಟಡ ಕೆಲಸದ ರಾಶಿಯಿಂದ ಮರದ ತುಂಡು ಕದ್ದು ತಂದು ಕುರ್ಚಿ ಮಾಡಿಕೊಂಡರು. ಓಕುಬೊ ಆ ಕಳ್ಳತನವನ್ನೂ ಬರೆದಿದ್ದಾರೆ: ಕತ್ತಲಲ್ಲಿ ಹಲಗೆ ಹೊತ್ತು ಓಡುವ ಗಂಡಸರು, ಹೆಂಗಸರು. 4,600 ಅಡಿ ಎತ್ತರದ ಈ ಜಾಗ ಬೇಸಿಗೆಯಲ್ಲಿ 38 ಡಿಗ್ರಿ ಸೆಲ್ಸಿಯಸ್ ದಾಟುತ್ತದೆ, ಚಳಿಗಾಲದಲ್ಲಿ ಸೊನ್ನೆಗಿಂತ ಬಹಳ ಕೆಳಗಿಳಿಯುತ್ತದೆ. ಬಂದವರಲ್ಲಿ ಹೆಚ್ಚಿನವರು ಸ್ಯಾನ್ ಫ್ರಾನ್ಸಿಸ್ಕೊ ಕೊಲ್ಲಿಯ ತಂಪು ಹವೆಯಲ್ಲಿ ಬಾಳಿದ್ದವರು.

ಸಂಗ್ರಹಾಲಯದ ಒಂದು ಗಾಜಿನ ಪೆಟ್ಟಿಗೆಯ ಮುಂದೆ ನಾನು ತುಂಬ ಹೊತ್ತು ನಿಂತೆ. ಅದರಲ್ಲಿ ಸೀರೆಗೆ ಹಾಕಿಕೊಳ್ಳುವಂಥ ಬ್ರೋಚುಗಳು. ಹತ್ತಿರ ಬಾಗಿ ನೋಡಿದರೆ ಹೂವಿನ ಪ್ರತಿ ದಳವೂ ಒಂದು ಶಂಖ. ಕಿರುಬೆರಳ ಉಗುರಿಗಿಂತ ಚಿಕ್ಕವು. ಒಂದೇ ಅಳತೆಯವನ್ನು ಆರಿಸಿ, ಬಾಯಿ ಒಂದೇ ಕಡೆ ಬರುವಂತೆ ಜೋಡಿಸಿ ಅಂಟಿಸಿದ್ದಾರೆ. ಮರುಭೂಮಿಯಲ್ಲಿ ಶಂಖ ಎಲ್ಲಿಂದ? ಹಿಮಯುಗದಲ್ಲಿ ಈ ಬಯಲು ಬಾನವಿಲ್ ಎಂಬ ಮಹಾ ಸರೋವರದ ತಳವಾಗಿತ್ತು. ಈಗಿನ ಗ್ರೇಟ್ ಸಾಲ್ಟ್ ಲೇಕ್ ಅದರಲ್ಲಿ ಉಳಿದ ಒಂದು ಮೂಲೆ. ಟೋಪಾಜಿನ ಹೆಂಗಸರು, ಮುದುಕರು ನೆಲ ಅಗೆದು, ಮಣ್ಣು ಜರಡಿ ಹಿಡಿದು, ಸಾವಿರಾರು ವರ್ಷ ಹಿಂದೆ ಸತ್ತ ಸರೋವರದ ಶಂಖಗಳನ್ನು ಹೆಕ್ಕಿದರು. ಬಿಳಿಯವು ಒಂದು ಕಡೆ, ಕಂದು ಒಂದು ಕಡೆ. ಬೇಲಿಯೊಳಗೆ ಹೂ ಬೆಳೆಯುವುದು ಕಷ್ಟವಾಗಿದ್ದುದರಿಂದ ಹೂವನ್ನೇ ಕಟ್ಟಿದರು.

ಹೂವಷ್ಟೇ ಅಲ್ಲ, ಮರಗಳನ್ನು ಬೆಳೆಸಲೂ ನೋಡಿದರು. ಹೊರಗಿನಿಂದ ಸಾವಿರಾರು ಸಸಿ ತರಿಸಿ ನೆಟ್ಟರು. ಕ್ಷಾರ ತುಂಬಿದ ಮಣ್ಣು, ಒಣಗಾಳಿ, ಹೆಚ್ಚಿನವು ಸತ್ತವು.

ಮರುದಿನ ಬೆಳಿಗ್ಗೆ ಬಯಲಿಗೆ ಹೋದೆವು. ಟಾರು ರಸ್ತೆ ಮುಗಿದು ಜಲ್ಲಿ ರಸ್ತೆ. ಮೂಲೆಯಲ್ಲಿ ಧ್ವಜಸ್ತಂಭ, ಸ್ಮಾರಕ ಫಲಕ. 2007ರಲ್ಲಿ ಇದನ್ನು ರಾಷ್ಟ್ರೀಯ ಐತಿಹಾಸಿಕ ತಾಣವೆಂದು ಘೋಷಿಸಿದ್ದಾರೆ. ಟಿಕೆಟ್ ಇಲ್ಲ, ಕಾವಲಿಲ್ಲ. ನಮ್ಮಿಬ್ಬರನ್ನು ಬಿಟ್ಟರೆ ಅಂದು ಅಲ್ಲಿ ಮನುಷ್ಯರೇ ಇರಲಿಲ್ಲ. ಮೊಳಕಾಲೆತ್ತರದ ಗ್ರೀಸ್‌ವುಡ್ ಎಂಬ ಮುಳ್ಳು ಪೊದೆ, ವಾಯವ್ಯದಲ್ಲಿ ಶಿಬಿರಕ್ಕೆ ಹೆಸರು ಕೊಟ್ಟ ಟೋಪಾಜ್ ಬೆಟ್ಟ. ಕಾರಿನಿಂದಿಳಿದು ಹೆಜ್ಜೆ ಇಟ್ಟರೆ ಪಾದ ಮೆಲ್ಲಗೆ ಒಳಗಿಳಿಯಿತು. ಮರಳಲ್ಲ ಅದು, ಸರೋವರದ ತಳದ ಮಣ್ಣು. ವಿಭೂತಿಯಷ್ಟು ನಯ, ಹೆಚ್ಚುಕಡಿಮೆ ಅದೇ ಬಣ್ಣ. ಗಾಳಿಯಿಲ್ಲದ ದಿನವೂ ನಡೆದ ಹೆಜ್ಜೆಗೆ ಎದ್ದು ಸೀರೆಯ ಅಂಚಿಗೆ, ಹುಬ್ಬಿಗೆ, ತುಟಿಗೆ ಅಂಟುತ್ತದೆ. ಗಾಳಿ ಬಂದಾಗ ಹಲಗೆಗಳ ಸಂದಿಯಿಂದ ಅದು ಕೋಣೆಯೊಳಗೆ ಹೇಗೆ ಸುರಿದಿರಬೇಕು! ಓಕುಬೊ ಬರೆದ ಧೂಳಿನ ಚಿತ್ರದಲ್ಲಿ ಜನ ಮುಂದಕ್ಕೆ ಬಾಗಿ, ಮುಖಕ್ಕೆ ಬಟ್ಟೆ ಹಿಡಿದು ನಡೆಯುತ್ತಿದ್ದಾರೆ. ಗಾಳಿಯನ್ನು ಅವರು ಗೆರೆಗಳಲ್ಲೇ ಬರೆದಿದ್ದಾರೆ. ಆ ಗೆರೆಗಳ ಭಾರ ನನಗೆ ಅರ್ಥವಾದದ್ದು ನನ್ನ ನಾಲಿಗೆಗೆ ಆ ಮಣ್ಣಿನ ಉಪ್ಪು ತಾಗಿದ ಮೇಲೆ.

ಕಟ್ಟಡಗಳು ಹೋಗಿ ಎಂಬತ್ತು ವರ್ಷ ಕಳೆದಿದೆ. ಆದರೂ ಊರಿನ ನಕ್ಷೆ ನೆಲದ ಮೇಲೆ ಇದೆ. ನೇರ ರಸ್ತೆಗಳು ಒಂದನ್ನೊಂದು ಕತ್ತರಿಸುತ್ತವೆ. ಒಟ್ಟು 42 ಬ್ಲಾಕುಗಳಿದ್ದವು. ವಾಸದ ಬ್ಲಾಕಿಗೆ ಹನ್ನೆರಡು ಬ್ಯಾರಕ್ಕು, ಒಂದು ಊಟದ ಹಾಲು, ಒಂದು ಸ್ನಾನ ಮತ್ತು ಬಟ್ಟೆ ಒಗೆಯುವ ಕಟ್ಟಡ. ಕಾಂಕ್ರೀಟಿನ ತುಂಡುಗಳು, ಬಾಗಿಲಿಗೆ ಹೋಗುವ ಜಲ್ಲಿಯ ಕಾಲುಹಾದಿ, ತುಕ್ಕು ಹಿಡಿದ ಮೊಳೆಗಳು, ಉರಿದುಳಿದ ಕಲ್ಲಿದ್ದಲ ಗಟ್ಟಿ. ಒಂದು ಕಡೆ ಬಿಳಿ ಪಿಂಗಾಣಿಯ ಚೂರು. ಅಂಚಿನಲ್ಲಿ ಕೂದಲೆಳೆಯಷ್ಟು ತೆಳು ಹಸಿರು ಪಟ್ಟೆ. ಊಟದ ಹಾಲಿನ ತಟ್ಟೆಯೋ, ಮನೆಯಿಂದ ಯಾರೋ ಜೋಪಾನವಾಗಿ ಹೊತ್ತು ತಂದ ಬಟ್ಟಲೋ? ಇನ್ನೊಂದು ಕಡೆ ಕಾಲುಹಾದಿಯ ಇಕ್ಕೆಲಕ್ಕೆ ಬೆಟ್ಟದಿಂದ ತಂದ ದುಂಡು ಕಲ್ಲುಗಳನ್ನು ಸಾಲಾಗಿ ಇಟ್ಟಿದ್ದಾರೆ. ಬಾಗಿಲ ಮುಂದೆ ಚೊಕ್ಕಟವಾಗಿರಲಿ ಎಂದು ಯಾರೋ ಬಗ್ಗಿ ಇಟ್ಟ ಕಲ್ಲುಗಳು ಹಾಗೇ ಇವೆ.

ತಂಗಿಯ ಮಗಳು ಪುಸ್ತಕ ತೆರೆದು ಹಿಡಿದಳು. ನಾವು ಪುಟ ನೋಡುತ್ತ, ಬಯಲು ನೋಡುತ್ತ ನಡೆದೆವು. ಬರಿಗಣ್ಣಿಗೆ ಅಲ್ಲಿ ಪೊದೆ, ಮೊಳೆ ಬಿಟ್ಟರೆ ಏನೂ ಇಲ್ಲ. ಪುಟ ತೆರೆದರೆ ಅದೇ ಜಾಗದಲ್ಲಿ ಊಟಕ್ಕೆ ಸಾಲು, ಸ್ನಾನಕ್ಕೆ ಸಾಲು, ಬಟ್ಟೆ ಒಗೆಯಲು ಸಾಲು. ಅಡ್ಡಗೋಡೆಯಿಲ್ಲದ ಶೌಚಾಲಯದಲ್ಲಿ ಮಾನ ಮುಚ್ಚಿಕೊಳ್ಳಲು ಹೆಣಗುವ ಹೆಂಗಸರು. ಅಳುವ ಕೂಸು, ಜಗಳ, ನಗು. ಚಿತ್ರಗಳಲ್ಲೆಲ್ಲ ಓಕುಬೊ ತಾವೂ ಇದ್ದಾರೆ. ಒಂದು ಮೂಲೆಯಲ್ಲಿ, ಗುಂಪಿನ ಅಂಚಿನಲ್ಲಿ, ಬಾಗಿಲ ಸಂದಿಯಲ್ಲಿ ದಟ್ಟ ಕೂದಲಿನ ಆ ಹೆಂಗಸು ನಿಂತು ನೋಡುತ್ತಾರೆ. ನಾನು ಕಂಡೆ, ಇಲ್ಲಿದ್ದೆ ಎಂದು ಪುಟ ಪುಟದಲ್ಲೂ ಸಹಿ ಹಾಕಿದ ಹಾಗೆ.

ಶಿಬಿರದೊಳಗೆ ಕ್ಯಾಮೆರಾ ತರುವಂತಿರಲಿಲ್ಲ. ಅದು ಶತ್ರುವಿಗೆ ನೆರವಾಗಬಹುದಾದ ಸಾಧನ ಎಂದು ಮುಂಚೆಯೇ ಕಸಿದುಕೊಂಡಿದ್ದರು. ಸರ್ಕಾರದ ಛಾಯಾಗ್ರಾಹಕರು ತೆಗೆದ ಫೋಟೊಗಳು ಬೇಕಾದಷ್ಟಿವೆ. ಅವುಗಳಲ್ಲಿ ಹಲವು ನಗುವ ಮುಖಗಳ, ಅಚ್ಚುಕಟ್ಟಾದ ತರಗತಿಗಳ ಫೋಟೊಗಳು. ಪೆನ್ಸಿಲು, ಶಾಯಿ, ಇದ್ದಿಲನ್ನು ಮಾತ್ರ ಯಾರೂ ತಡೆಯಲಿಲ್ಲ. ಓಕುಬೊ ಟ್ಯಾನ್‌ಫೊರಾನಿನಲ್ಲೂ ಟೋಪಾಜಿನಲ್ಲೂ ಸೇರಿ ಸುಮಾರು 2,000 ಚಿತ್ರ ಬರೆದರು. ಬಂದು ಹೋಗುವವರ ಕಾಟ ತಪ್ಪಿಸಲು ಬಾಗಿಲಿಗೆ ಸೋಂಕು ರೋಗವಿದೆ, ಒಳಗೆ ಬರಬೇಡಿ ಎಂಬ ಫಲಕ ತೂಗುಹಾಕಿ ಕೆಲಸ ಮಾಡಿದರು. ಹೊರಗಿನ ಗೆಳೆಯರಿಗೆ ತೋರಿಸಲು ಬೇರೆ ದಾರಿ ಇರಲಿಲ್ಲವಾದ್ದರಿಂದ ಚಿತ್ರ ಬರೆಯತೊಡಗಿದೆ ಎಂಬುದು ಅವರೇ ಕೊಟ್ಟ ಕಾರಣ. 'ಟ್ರೆಕ್' ಎಂಬ ಶಿಬಿರದ ಪತ್ರಿಕೆಗೂ ಚಿತ್ರ ಕೊಟ್ಟರು. ಅದನ್ನು ಕಂಡ 'ಫಾರ್ಚೂನ್' ಪತ್ರಿಕೆಯವರು 1944ರಲ್ಲಿ ಅವರನ್ನು ನ್ಯೂಯಾರ್ಕಿಗೆ ಕರೆಸಿಕೊಂಡರು. 2001ರಲ್ಲಿ ತೀರಿಕೊಳ್ಳುವವರೆಗೆ ಅವರು ನ್ಯೂಯಾರ್ಕಿನಲ್ಲೇ ಇದ್ದರು.

ಟೋಪಾಜಿನಲ್ಲಿ ಅವರೊಬ್ಬರೇ ಕಲಾವಿದೆ ಅಂದುಕೊಳ್ಳಬಾರದು. ಬರ್ಕ್‌ಲಿಯ ಪ್ರಾಧ್ಯಾಪಕ ಚಿಯುರಾ ಒಬಾಟಾ ಮೊದಲು ಕುದುರೆ ಲಾಯದ ನಡುವೆ, ಆಮೇಲೆ ಈ ಬಯಲಿನಲ್ಲಿ ಕಲಾಶಾಲೆ ನಡೆಸಿದರು. ಮಕ್ಕಳಿಂದ ಮುದುಕರವರೆಗೆ ನೂರಾರು ಜನ ಕಲಿತರು. ಒಬಾಟಾ ಬರೆದ ಬೆಳದಿಂಗಳ ಟೋಪಾಜ್ ಚಿತ್ರವನ್ನು ಅಧ್ಯಕ್ಷರ ಪತ್ನಿ ಎಲಿನಾರ್ ರೂಸ್ವೆಲ್ಟರಿಗೆ ಕಾಣಿಕೆಯಾಗಿ ಕೊಟ್ಟರು. ರೇಷ್ಮೆಯ ಮೇಲೆ ನೀಲಿ ಬೆಳಕು, ಅದರ ಕೆಳಗೆ ಬ್ಯಾರಕ್ಕುಗಳು. ಎರಡನೇ ತರಗತಿಯ ಮಕ್ಕಳಿಗೆ ಪಾಠ ಹೇಳುತ್ತಿದ್ದ ಯೊಶಿಕೊ ಉಚಿಡಾ ಮುಂದೆ ಈ ದಿನಗಳನ್ನು ಮಕ್ಕಳ ಕಾದಂಬರಿ ಮಾಡಿದರು. ಇತ್ತೀಚೆಗೆ, 2020ರಲ್ಲಿ, ಕಿಕು ಹ್ಯೂಸ್ ಎಂಬ ಯುವ ಕಲಾವಿದೆ ತನ್ನ ಅಜ್ಜಿ ಇಲ್ಲಿ ಕಳೆದ ಬದುಕನ್ನು 'ಡಿಸ್‌ಪ್ಲೇಸ್‌ಮೆಂಟ್' ಎಂಬ ಚಿತ್ರಕಾದಂಬರಿಯಲ್ಲಿ ಬರೆದಿದ್ದಾಳೆ. ತಂಗಿಯ ಮಗಳಿಗೆ ಓಕುಬೊ ಹೆಸರು ಗೊತ್ತಾದದ್ದು ಆ ಪುಸ್ತಕದಿಂದ.

ಬಯಲಿನ ಪಶ್ಚಿಮದ ಬೇಲಿಯ ಹತ್ತಿರ ನಾವು ಮಾತಿಲ್ಲದೆ ನಿಂತೆವು. 1943ರ ಏಪ್ರಿಲ್ 11ರ ಸಂಜೆ ಜೇಮ್ಸ್ ಹತ್ಸುಆಕಿ ವಕಾಸಾ ಎಂಬ 63 ವರ್ಷದ ಮನುಷ್ಯ ಇಲ್ಲಿ ನಡೆಯುತ್ತಿದ್ದಾಗ ಗೋಪುರದ ಕಾವಲುಗಾರ ಗುಂಡು ಹಾರಿಸಿದ. ಗುಂಡು ಎದೆಗೆ ಬಿತ್ತು. ಬೇಲಿ ದಾಟಲು ನೋಡಿದ ಎಂದರು ಅಧಿಕಾರಿಗಳು. ಆತ ಬೇಲಿಯ ಒಳಗೇ ಗೋಪುರಕ್ಕೆ ಮುಖ ಮಾಡಿ ನಿಂತಿದ್ದನೆಂದು ಆಮೇಲೆ ಗೊತ್ತಾಯಿತು. ಗುಂಡು ಹಾರಿಸಿದವನಿಗೆ ಶಿಕ್ಷೆಯಾಗಲಿಲ್ಲ. ಗೆಳೆಯರು ಒಂದು ದೊಡ್ಡ ಬಂಡೆಯನ್ನು ತಂದು ಸ್ಮಾರಕ ಮಾಡಿದರು. ಕಿತ್ತುಹಾಕಿ ಎಂದು ಆಡಳಿತ ಹೇಳಿತು. ಅವರು ಬಂಡೆಯನ್ನು ಒಡೆಯಲಿಲ್ಲ. ಅಲ್ಲೇ ನೆಲದಲ್ಲಿ ಹೂತರು. ರಾಷ್ಟ್ರೀಯ ದಾಖಲಾಗಾರದಲ್ಲಿ ಸಿಕ್ಕ ಒಂದು ನಕ್ಷೆಯ ಜಾಡು ಹಿಡಿದು ಪುರಾತತ್ವಜ್ಞರು 2020ರಲ್ಲಿ ಅದರ ತುದಿಯನ್ನು ಕಂಡರು. 2021ರ ಜುಲೈನಲ್ಲಿ ಅದನ್ನು ಯಂತ್ರದಿಂದ ಎತ್ತಿ ಸಂಗ್ರಹಾಲಯಕ್ಕೆ ಸಾಗಿಸಿದರು. ಬಂದಿಗಳ ವಂಶದವರಿಗೆ ಹೇಳದೆ ಕೇಳದೆ ಎತ್ತಿದ್ದು ದೊಡ್ಡ ನೋವಿಗೆ ಕಾರಣವಾಯಿತು. ಆ ನೋವು ನ್ಯಾಯವಾದದ್ದು. ಹೂತಿಟ್ಟವರಿಗೆ ಆ ಬಂಡೆ ಗೋರಿಯೇ ಆಗಿತ್ತು.

ಇದೇ ನೆಲದಲ್ಲಿ ಇನ್ನೊಂದು ಕಲ್ಲಿನ ಕಥೆಯೂ ಇದೆ. 1944ರ ಸೆಪ್ಟೆಂಬರಿನಲ್ಲಿ ಇಬ್ಬರು ಬಂದಿಗಳು ಹರಳು ಹುಡುಕುತ್ತ ಹತ್ತಿರದ ಡ್ರಮ್ ಬೆಟ್ಟಗಳ ಕಡೆ ಹೋಗಿದ್ದರು. ಆ ಹೊತ್ತಿಗೆ ಕಾವಲು ಸಡಿಲವಾಗಿತ್ತು. ಬೇರೆಲ್ಲ ಕಲ್ಲುಗಳಿಗಿಂತ ಬೇರೆಯಾದ ಒಂದು ಕಪ್ಪು ಕಲ್ಲು ಕಣ್ಣಿಗೆ ಬಿತ್ತು. ಅದು ಆಕಾಶದಿಂದ ಬಿದ್ದ ಉಲ್ಕೆ. 529 ಕಿಲೋ ತೂಗುವ ಕಬ್ಬಿಣದ ಗಟ್ಟಿ! ಈಗ ವಾಷಿಂಗ್ಟನ್ನಿನ ಸ್ಮಿತ್ಸೋನಿಯನ್ ಸಂಸ್ಥೆಯಲ್ಲಿದೆ. ನಂಬಲು ಯೋಗ್ಯರಲ್ಲ ಎಂದು ದೇಶ ಕೂಡಿಹಾಕಿದ್ದ ಜನ ಆ ದೇಶದ ವಿಜ್ಞಾನಕ್ಕೆ ಕೊಟ್ಟ ಕೊಡುಗೆ ಅದು.

ಕಾನೂನಿನ ಹೋರಾಟದಲ್ಲೂ ಟೋಪಾಜಿನ ಹೆಸರಿದೆ. ಮನೆ ಬಿಡಲೊಪ್ಪದೆ ಬಂಧನಕ್ಕೊಳಗಾದ ಫ್ರೆಡ್ ಕೊರೆಮಾತ್ಸು ಇಲ್ಲಿದ್ದವರು. 1944ರ ಡಿಸೆಂಬರ್ 18ರಂದು ಸುಪ್ರೀಂ ಕೋರ್ಟು ಅವರ ವಿರುದ್ಧ ತೀರ್ಪು ಕೊಟ್ಟಿತು. ಅದೇ ದಿನ ಮಿತ್ಸುಯೆ ಎಂಡೊ ಎಂಬ ಯುವತಿಯ ಪ್ರಕರಣದಲ್ಲಿ, ನಿಷ್ಠೆ ಪ್ರಶ್ನಾತೀತವಾದ ಪ್ರಜೆಯನ್ನು ಹಿಡಿದಿಡುವ ಅಧಿಕಾರ ಸರ್ಕಾರಕ್ಕಿಲ್ಲ ಎಂದಿತು. ಮೊಕದ್ದಮೆ ಬಿಟ್ಟರೆ ಬಿಡುಗಡೆ ಮಾಡುತ್ತೇವೆ ಎಂದು ಸರ್ಕಾರ ಆಸೆ ತೋರಿಸಿತ್ತು. ಎಂಡೊ ಒಪ್ಪದೆ ಬೇಲಿಯೊಳಗೇ ಉಳಿದರು, ಇದೇ ಟೋಪಾಜಿನಲ್ಲಿ. ನನ್ನ ಮಟ್ಟಿಗೆ ಆ ಹೆಣ್ಣುಮಗಳು ಆ ಕಾಲದ ಅತಿ ದೊಡ್ಡ ಧೈರ್ಯಸ್ಥೆ. 1981ರಲ್ಲಿ ಸಂಸತ್ತಿನ ಆಯೋಗ ವಿಚಾರಣೆ ನಡೆಸಿದಾಗ ಓಕುಬೊ ತಮ್ಮ ಪುಸ್ತಕವನ್ನೇ ಸಾಕ್ಷಿಯಾಗಿ ಮುಂದಿಟ್ಟರು. 1988ರಲ್ಲಿ ಅಮೆರಿಕ ಸರ್ಕಾರ ಕ್ಷಮೆ ಕೇಳಿತು. ಬದುಕಿ ಉಳಿದಿದ್ದ ಪ್ರತಿಯೊಬ್ಬರಿಗೂ 20,000 ಡಾಲರ್ ಪರಿಹಾರ ಕೊಡುವ ಕಾನೂನು ಮಾಡಿತು.

ಹಿಂತಿರುಗುವ ದಾರಿಯಲ್ಲಿ ತಂಗಿಯ ಮಗಳು ಕೇಳಿದಳು: "ನಮ್ಮ ದೇಶದಲ್ಲಿ ಇಂಥದ್ದು ಆಗಿಲ್ವಾ, ದೊಡ್ಡಮ್ಮಾ?" ಆಗಿದೆ. ರಾಜಸ್ಥಾನದ ಟೋಂಕ್ ಜಿಲ್ಲೆಯ ದೇವ್ಲಿಯಲ್ಲಿ. ಬ್ರಿಟಿಷರ ಕಾಲದಲ್ಲಿ ಜಯಪ್ರಕಾಶ ನಾರಾಯಣರಂಥವರನ್ನು ಇಟ್ಟಿದ್ದ, ಎರಡನೇ ಮಹಾಯುದ್ಧದ ವೇಳೆ ಜಪಾನೀ ನಾಗರಿಕರನ್ನೂ ಇಟ್ಟಿದ್ದ ಶಿಬಿರ ಅದು. 1962ರಲ್ಲಿ ಚೀನಾದ ಜೊತೆ ಯುದ್ಧವಾದಾಗ ಅಸ್ಸಾಂ, ಶಿಲ್ಲಾಂಗ್, ಡಾರ್ಜಿಲಿಂಗ್ ಕಡೆ ತಲೆಮಾರುಗಳಿಂದ ಬಾಳಿದ್ದ ಸುಮಾರು 3,000 ಚೀನೀ ಮೂಲದ ಜನರನ್ನು ನಮ್ಮ ಸರ್ಕಾರ ರೈಲಿಗೆ ತುಂಬಿ ಆ ಬಿಸಿಲ ನಾಡಿಗೆ ಸಾಗಿಸಿತು. ವಿಚಾರಣೆಯಿಲ್ಲ, ಆರೋಪಪಟ್ಟಿಯಿಲ್ಲ. ಕೆಲವರು ನಾಲ್ಕೈದು ವರ್ಷ ಅಲ್ಲಿದ್ದರು. ಆ ಶಿಬಿರದಲ್ಲೇ ಹುಟ್ಟಿದ ಜಾಯ್ ಮಾ ಮತ್ತು ಪತ್ರಕರ್ತ ದಿಲೀಪ್ ಡಿಸೋಜಾ ಸೇರಿ 2020ರಲ್ಲಿ 'ದ ದೇವ್ಲಿವಾಲಾಸ್' ಎಂಬ ಪುಸ್ತಕ ಬರೆದರು. ದೇವ್ಲಿಯವರ ಕ್ಷಮೆಯನ್ನು ಭಾರತ ಇನ್ನೂ ಕೇಳಿಲ್ಲ. ಇಷ್ಟನ್ನು ಅವಳಿಗೆ ಹೇಳಿದೆ. ಹುಡುಗಿ ಬಹಳ ಹೊತ್ತು ಕಿಟಕಿಯಾಚೆ ನೋಡುತ್ತ ಕೂತಿದ್ದಳು.

ಅಮೆರಿಕಕ್ಕೆ ಹೋದಾಗ ನಮ್ಮವರು ನಯಾಗರ, ಗ್ರ್ಯಾಂಡ್ ಕ್ಯಾನ್ಯನ್ ನೋಡಿ ಬರುತ್ತಾರೆ. ನೋಡಲಿ, ನೋಡಲೇಬೇಕಾದ ಜಾಗಗಳೇ. ಯೂಟಾದ ಕೆಂಪು ಬಂಡೆಗಳ ಉದ್ಯಾನಗಳಿಗೆ ಹೋಗುವವರು ಇನ್ನೊಂದು ದಿನ ಮಿಗಿಸಿಕೊಂಡು ಡೆಲ್ಟಾಕ್ಕೂ ಹೋಗಿ ಎಂದು ಕೇಳಿಕೊಳ್ಳುತ್ತೇನೆ. ಸಾಲ್ಟ್ ಲೇಕ್ ಸಿಟಿಯಿಂದ ಎರಡೂವರೆ ಗಂಟೆಯ ದಾರಿ. ಮೊದಲು ಸಂಗ್ರಹಾಲಯ ನೋಡಿ, ಆಮೇಲೆ ಬಯಲಿಗೆ ಹೋಗಿ. ನೀರು, ಟೋಪಿ ಜೊತೆಗಿರಲಿ. ಮಳೆ ಬಂದಿದ್ದರೆ ಆ ಮಣ್ಣಿನಲ್ಲಿ ಕಾರು ಹೂತುಕೊಳ್ಳುತ್ತದೆ, ಹೋಗಬೇಡಿ. 'ಸಿಟಿಜನ್ 13660' ಈಗಲೂ ಅಚ್ಚಿನಲ್ಲಿದೆ, ಹೊರಡುವ ಮುಂಚೆ ಓದಿಕೊಳ್ಳಿ, ಕೈಯಲ್ಲಿ ಹಿಡಿದುಕೊಂಡು ನಡೆಯಿರಿ. ಮಕ್ಕಳಿದ್ದರೆ ಅವರಿಗೇ ಕೊಡಿ, ಚಿತ್ರ ಓದುವುದರಲ್ಲಿ ಅವರು ನಮಗಿಂತ ಜಾಣರು. ಅಲ್ಲಿ ಬಿದ್ದಿರುವ ಒಂದು ಮೊಳೆಯನ್ನಾಗಲಿ, ಪಿಂಗಾಣಿ ಚೂರನ್ನಾಗಲಿ, ಶಂಖವನ್ನಾಗಲಿ ದಯವಿಟ್ಟು ಎತ್ತಿಕೊಂಡು ಬರಬೇಡಿ.